ಅನುಸೂಯಮ್ಮನ ಬಕೆಟ್ಟೂ ಹನುಮೇಶನ ಬೀಟೂ

ಕಾಡುಗೋಡಿಯ ಆ ವಠಾರದಲ್ಲಿ ಅಷ್ಟೊಂದು ರಾದ್ಧಾಂತವಾದದ್ದು ಒಂದು ಘಂಟೆಯಿಂದ. ದೇವಸ್ಥಾನದ ಘಂಟೆಯಲ್ಲ, ಕಂಪ್ಯೂಟರಿನೊಳಗಿನ ಘಂಟೆ.

ದೇವದುರ್ಗದ ಕಡೆಯ ಹನುಮೇಶ ರಾತ್ರಿ ಪಾಳಿಯಲ್ಲಿ ವೈಟ್‌ಫೀಲ್ಡಿನ ಗೋದಾಮೊಂದರಲ್ಲಿ ಪೆಟ್ಟಿಗೆ ಹೊರುತ್ತಿದ್ದ. ಹಗಲು ಒಂದಿಷ್ಟು ನಿದ್ದೆ ತೆಗೆದು, ಹಳೇ ಲ್ಯಾಪ್‌ಟಾಪಿನ ಮುಂದೆ ಕೂತು ರ‍್ಯಾಪ್ ಹಾಡುಗಳಿಗೆ ಬೀಟು ಕಟ್ಟುತ್ತಿದ್ದ. ಕಟ್ಟುವುದು ಅಂಥ ಘನಕಾರ್ಯವೇನಲ್ಲ. ಸಾಫ್ಟ್‌ವೇರಿನೊಳಗೆ ಪ್ರೀಸೆಟ್ ಎಂಬ ಸಿದ್ಧ ದನಿಗಳು ಸಾಲಾಗಿ ಕೂತಿರುತ್ತವೆ. ಕೊಳಲೋ, ಘಂಟೆಯೋ, ಅಳುವ ಗಿಟಾರೋ ಒಂದನ್ನು ಆರಿಸಿ, ಬೆರಳಾಡಿಸಿ, ಕೆಳಗೆ ಡ್ರಮ್ಮು ಸೇರಿಸಿದರೆ ಆಯಿತು, ಅಂಗಡಿ ಹಿಟ್ಟಿನಲ್ಲಿ ದೋಸೆ ಹೊಯ್ದಂತೆ. ಹಾಗೆಂದು ಯಾರಾದರೂ ಅಂದರೆ ಹನುಮೇಶ ಕೆಂಡವಾಗುತ್ತಿದ್ದ. ಕೋಪ ಅವನಿಗೆ ಮೂಗಿನ ತುದಿಯಲ್ಲೇ ಇತ್ತು.

ಅಂದು ಅಮರೇಶ್ ಬರುವವನಿದ್ದ. ಇನ್‌ಸ್ಟಾದಲ್ಲಿ ಹೆಸರು ಮಾಡಿದ ರ‍್ಯಾಪರ್. ಬೀಟು ಹಿಡಿಸಿದರೆ ತನ್ನ ವಿಡಿಯೋದಲ್ಲಿ 'ಸಂಗೀತ: ಹನುಮೇಶ' ಎಂದು ಹಾಕುವುದಾಗಿ ಮಾತು ಕೊಟ್ಟಿದ್ದ. ಹನುಮೇಶನಿಗೆ ಬೇಕಾಗಿದ್ದದ್ದು ಅದೊಂದೇ. ಗೋದಾಮಿನಲ್ಲಿ ಅವನನ್ನು "ಏಯ್ ನೀಲಿ ಶರ್ಟು" ಎಂದು ಕರೆಯುತ್ತಿದ್ದರೇ ಹೊರತು ಹೆಸರು ಯಾರಿಗೂ ಗೊತ್ತಿರಲಿಲ್ಲ. ಕಾಡುಗೋಡಿಯ ಬೀದಿಬೀದಿಯಲ್ಲೂ ತನ್ನ ಹೆಸರು ಕೇಳಿಸಬೇಕು ಎಂಬುದು ಅವನ ಹಟ.

ಬೆಳಿಗ್ಗೆ ನಿದ್ದೆಗೆಟ್ಟು, ಸ್ಪೀಕರನ್ನು ಕಿಟಕಿಯಲ್ಲಿಟ್ಟು ಬೀಟು ಹಾಕಿದ. ಟಿಣ್ ಟಿಣ್ ಎಂದು ಘಂಟೆ ಶುರುವಾಯಿತು. ಕೂಡಲೇ ವಠಾರದ ಬಾಗಿಲುಗಳು ಧಡಧಡ ತೆರೆದುಕೊಂಡವು. ಮನೆ ಒಡತಿ ಅನುಸೂಯಮ್ಮ ಬಕೆಟ್ ಹಿಡಿದು ಬೀದಿಗೆ ಓಡಿದರು. ಪಕ್ಕದ ರೂಮಿನ ದುರ್ಗವ್ವ ಕಸದ ಚೀಲ ಎತ್ತಿಕೊಂಡು ಹಿಂದೆಯೇ ಓಡಿದಳು. ಬೀದಿಯಲ್ಲಿ ಕಸದ ಆಟೋ ಇರಲಿಲ್ಲ.

ಮನೆಮನೆಯ ಕಸ ಒಯ್ಯಲು ಬರುವ ಆಟೋ ಮೊಳಗಿಸುವ ಹಾಡು ಮಾಡಿದ ಮಹಾನುಭಾವನೂ ಯಾವತ್ತೋ ಅದೇ ಪ್ರೀಸೆಟ್ ಘಂಟೆಯನ್ನೇ ಆರಿಸಿದ್ದ. ಆಟೋ ಬರುವ ಹೊತ್ತಿಗೆ ದಿನವೂ ಗೊರಕೆ ಹೊಡೆಯುವ ಹನುಮೇಶನಿಗೆ ಅದು ಹೇಗೆ ತಿಳಿಯಬೇಕು? ಡ್ರಮ್ಮು ತಿದ್ದಿ ಮತ್ತೆ ಹಾಕಿದ, ಅವರು ಮತ್ತೆ ಇಳಿದರು. ಮಗದೊಮ್ಮೆ ಹಾಕಿದಾಗ ಅನುಸೂಯಮ್ಮ ಇಳಿಯಲಿಲ್ಲ, ಮೇಲೆ ಹತ್ತಿದರು.

"ಏನ್ಲಾ ಇದು? ಮೀನಿನ ಮುಳ್ಳು ಇಡ್ಕೊಂಡು ಎಷ್ಟು ಸಲ ಬೀದಿಗೆ ಓಡ್ಬೇಕ್ಲಾ ನಾನು? ನನ್ ಮಂಡಿ ಯಾರು ರಿಪೇರಿ ಮಾಡಿಸ್ತಾರೆ?"

"ಇದು ಕಸದ ಹಾಡಲ್ರೀ ಅಮ್ಮಾರೇ! ನನ್ನ ಟ್ಯೂನ್ ಐತ್ರೀ!"

"ಅಂಗಾದ್ರೆ ಆ ಗಂಟೆ ತಗ್ದು ಬೇರೆ ಏನಾನ ಹಾಕು."

"ಹೌದೋ ತಮ್ಮಾ, ಕೊಳಲು ಹಾಕು, ಚಂದ ಇರತೈತಿ," ಎಂದು ದುರ್ಗವ್ವನೂ ದನಿಗೂಡಿಸಿದಳು.

ಕಸ ಹಿಡಿದು ನಿಂತವರು ತನಗೆ ಸಂಗೀತ ಹೇಳಿಕೊಡುವುದೇ? ಹನುಮೇಶನ ಪಿತ್ತ ನೆತ್ತಿಗೇರಿತು.

"ಗಂಟಿ ತೆಗಿಯಂಗಿಲ್ಲ ಅಂದ್ರ ತೆಗಿಯಂಗಿಲ್ಲ!" ಎಂದು ಬಾಗಿಲು ಹಾಕಿಕೊಂಡ.

ಸ್ವಲ್ಪ ಹೊತ್ತಿಗೆ ನಿಜವಾದ ಆಟೋ ಬಂತು. ಡ್ರೈವರ್ ಮುನೀಂದ್ರ ಹಾಡು ಹಾಕಿ ಕಾದ.

"ಬಡ್ಕೋ, ಬಡ್ಕೋ! ಇನ್ ನಾನು ಬರ್ತೀನಾ?" ಎಂದು ಅನುಸೂಯಮ್ಮ ಒಳಗಿಂದಲೇ ಚಾವಣಿಯತ್ತ ಕೂಗಿದರು. ಯಾರೂ ಹೊರಗೆ ಬರಲಿಲ್ಲ. ಅಂಗಡಿಗೆ ಹೊರಟ ದುರ್ಗವ್ವ ಬೀದಿಗೆ ಬರುವಾಗ ಆಟೋ ತಿರುವಿನಲ್ಲಿ ಮರೆಯಾಗುತ್ತಿತ್ತು.

"ಅಮ್ಮಾರೇ! ಖರೇನ ಬಂದಿತ್ರೀ ಗಾಡಿ! ಹೋಗೇಬಿಡ್ತು!"

ಅನುಸೂಯಮ್ಮ ಫೋನ್ ಎತ್ತಿ, ತಮ್ಮ ತಪ್ಪು ಮುಚ್ಚಿಟ್ಟು, ಆಟೋ ಬರಲೇ ಇಲ್ಲವೆಂದು ಕಸದ ಗಾಡಿಗಳ ಸೂಪರ್‌ವೈಸರಿಗೆ ಬೈದರು. ಸಿಟ್ಟು ಇಳಿಯಲಿಲ್ಲ.

ಅಷ್ಟರಲ್ಲಿ ಅಮರೇಶ್ ಬಂದು ಮೇಲಿನ ರೂಮಿನಲ್ಲಿ ಕೂತಿದ್ದ. ಹಾಲಿನಂಥ ಬಿಳಿ ಶೂ ಹಾಕಿದ್ದ. ಹನುಮೇಶ ಎಚ್ಚರಿಕೆಯಿಂದ ಇಯರ್‌ಫೋನ್ ಕೊಟ್ಟ.

"ಇದ್ಯಾಕೆ ಮಗಾ? ಸ್ಪೀಕರಲ್ಲಿ ಹಾಕು, ಫೀಲ್ ಬರ್ಲಿ."

ಹನುಮೇಶ ಎದೆ ಗಟ್ಟಿ ಮಾಡಿಕೊಂಡು ಹಾಕಿದ. ಅಮರೇಶ್ ಕಣ್ಣು ಮುಚ್ಚಿ ತಲೆದೂಗಿದ. "ಸಕ್ಕತ್ ಮಚ್ಚಾ! ಇದೇ ಬೇಕಿತ್ತು ನಂಗೆ." ಹಾಡಲೆಂದು ಕೈ ಎತ್ತಿದ.

ಬಾಗಿಲು ಧಡಾರನೆ ತೆರೆಯಿತು.

"ಆಟೋ ಬಂತಲ್ಲ, ತಗೋ!" ಎಂದು ಅನುಸೂಯಮ್ಮ ಬಕೆಟ್ಟನ್ನು ಹೊಸ್ತಿಲ ಮೇಲೆ ಬೋರಲು ಹಾಕಿದರು. ದುರ್ಗವ್ವ ತನ್ನ ಚೀಲವನ್ನೂ ಸುರಿದಳು. ಮೀನಿನ ಮುಳ್ಳೊಂದು ಹಾರಿ ಬಿಳಿ ಶೂ ಮೇಲೆ ಕೂತಿತು.

"ಕಸದ ಆಟೋ ಹಾಡಾ ಇದು?" ಅಮರೇಶ್ ಕಿರುಚಿದ. "ಟ್ರೋಲ್ ಮಾಡಿ ಸಾಯಿಸ್ತಾರೆ ಕಣೋ ನನ್ನ!" ಒಂಟಿಕಾಲಲ್ಲಿ ಕುಪ್ಪಳಿಸುತ್ತಾ ಹೊರಟೇಹೋದ.

ಹನುಮೇಶ ಸಿಟ್ಟಿನಲ್ಲಿ ಬಕೆಟ್ಟಿಗೆ ಒದ್ದ. ಬಕೆಟ್ಟಿಗೇನೂ ಆಗಲಿಲ್ಲ, ಇವನ ಹೆಬ್ಬೆರಳು ಊದಿತು. ಅದನ್ನು ಹಿಡಿದು ಕೂತಿದ್ದಾಗ ಮುನೀಂದ್ರ ಅಬ್ಬರಿಸುತ್ತಾ ಮೇಲೆ ಬಂದ.

"ನಾನ್ ಬಂದಿಲ್ಲ ಅಂತ ಕಂಪ್ಲೇಂಟ್ ಕೊಟ್ಟೋರು ಯಾರು? ಬಂದು ಕಾದೆ, ಒಂದ್ ನರಪಿಳ್ಳೆ ಆಚೆ ಬರ್ಲಿಲ್ಲ!"

ಎಲ್ಲರ ಬೆರಳೂ ಹನುಮೇಶನ ಕಡೆ ತಿರುಗಿತು. ನಡೆದದ್ದೆಲ್ಲ ತಿಳಿದುಕೊಂಡ ಮುನೀಂದ್ರ ಬೀಟು ಹಾಕಿಸಿ ಕೇಳಿದ. ಕೇಳುತ್ತಾ ಕೇಳುತ್ತಾ ಅವನ ಮುಖ ಸಡಿಲಾಯಿತು.

"ಗುರು, ನನ್ ಹಾಡಿಗೆ ಅರ್ಧ ಬೀದಿ ಏಳಲ್ಲ. ನಿಂದಕ್ಕೆ ಮತ್ತೆ ಮತ್ತೆ ಓಡ್ಬಂದವ್ರೆ. ನನ್ ಆಟೋಗೆ ಕೊಡು."

"ಕೊಡಂಗಿಲ್ಲ!"

"ಕೊಡ್ತೀಯೋ, ರೂಮ್ ಖಾಲಿ ಮಾಡ್ತೀಯೋ?" ಎಂದರು ಅನುಸೂಯಮ್ಮ.

ಹನುಮೇಶ ಹಲ್ಲು ಕಡಿಯುತ್ತಾ ಪೆನ್‌ಡ್ರೈವಿಗೆ ಹಾಕಿಕೊಟ್ಟ. "ಪುಕ್ಸಟ್ಟೆ ತಗೊಳ್ಳಲ್ಲ ಗುರು, ನಿಂಗ್ ಮರ್ಯಾದೆ ಮಾಡ್ತೀನಿ," ಎಂದು ಮುನೀಂದ್ರ ಹೇಳಿದ್ದು ಆ ಸಿಟ್ಟಿನಲ್ಲಿ ಅವನ ಕಿವಿಗೆ ಬೀಳಲಿಲ್ಲ.

ಮರುದಿನ ಬೆಳಿಗ್ಗೆ ಪಾಳಿ ಮುಗಿಸಿ ಬಂದು ತಲೆದಿಂಬಿಗೆ ತಲೆ ಕೊಟ್ಟಿದ್ದನಷ್ಟೆ, ಬೀದಿಯಲ್ಲಿ ಟಿಣ್ ಟಿಣ್ ಎಂದು ಅವನದೇ ಬೀಟು ಮೊಳಗಿತು. ಅದರ ಮೇಲೆ ಮೈಕಿನಲ್ಲಿ ಮುನೀಂದ್ರನ ದನಿ: "ಹಸಿ ಕಸ ಬೇರೆ, ಒಣ ಕಸ ಬೇರೆ ತನ್ನಿ! ಸಂಗೀತ, ಹನುಮೇಶ! ಅನುಸೂಯಮ್ಮನವರ ವಠಾರ, ಮೇಲಿನ ರೂಮು!"

ಬೀದಿ ಮುಗಿದು ಪಕ್ಕದ ಬೀದಿ, ಅಲ್ಲಿಂದ ಸ್ಟೇಷನ್ ರಸ್ತೆ. ಹನುಮೇಶನ ಹೆಸರು ಕಾಡುಗೋಡಿಯ ಒಂದು ಗೇಟನ್ನೂ ಬಿಡದೆ ತಟ್ಟುತ್ತಾ ಹೋಯಿತು. ಅವನು ರೋಷದಿಂದ ದಿಂಬನ್ನು ಕಿವಿಗೆ ಒತ್ತಿಕೊಂಡ.

ಯಾರೋ ಬಾಗಿಲು ಬಡಿದರು. ತೆರೆದರೆ ಹಿಂದಿನ ಬೀದಿಯ ಹೆಂಗಸೊಬ್ಬಳು ಏದುಸಿರು ಬಿಡುತ್ತಾ ನಿಂತಿದ್ದಳು, ಕೈಯಲ್ಲಿ ತುಂಬಿದ ಬಕೆಟ್ಟು.

"ಹನುಮೇಶ ಅಂದ್ರೆ ನೀವೇನಾ ಸಾರ್?" ಎಂದು ಭಕ್ತಿಯಿಂದ ಕೇಳಿದಳು. "ಆಟೋ ಹೋಗ್ಬಿಡ್ತು. ಇಲ್ಲೇ ಹಾಕ್ಲಾ?"