ಒಂದೇ ಟೇಕಿನ ಸಾವು

ಕವಿತಾಳಿಗೆ ಅಳು ಬರಲಿಲ್ಲ. ಆ ದಿನದ ರಗಳೆಯೆಲ್ಲ ಶುರುವಾದದ್ದೇ ಅಲ್ಲಿಂದ.

ಹಿರೇಗುತ್ತಿಯ ವಿನಾಯಕ ಬೆಂಗಳೂರಿನ ಸಿನಿಮಾಗಳಲ್ಲಿ ಮೈಕು ಹಿಡಿದು ಹಿಡಿದು ತೋಳು ಸವೆಸಿದವನು. ಕಂಡವರ ಮಾತು ರೆಕಾರ್ಡ್ ಮಾಡಿದ್ದು ಸಾಕು, ಇನ್ನು ತಾನೇ ಬರೆದು ತಾನೇ ನಿರ್ದೇಶಿಸಬೇಕು ಎಂದು ಹಟ ತೊಟ್ಟು ಊರಿಗೆ ಬಂದಿದ್ದ. ಹೊನ್ನಾವರದ ಐಸ್ ಫ್ಯಾಕ್ಟರಿ ಸಾಹುಕಾರ ಕೃಷ್ಣಾನಂದರು, "ಒಂದು ದೃಶ್ಯ ತೆಗಿ. ನನ್ನ ಕಣ್ಣಲ್ಲಿ ನೀರು ಬಂದ್ರೆ ದುಡ್ಡು ಹಾಕ್ತೇನೆ" ಎಂದಿದ್ದರು. ಇವತ್ತು ಶೂಟಿಂಗ್ ನೋಡಲು ಬರುವವರಿದ್ದರು.

ದೃಶ್ಯ ಇಷ್ಟೇ: ಅಪ್ಪ ಸತ್ತಿದ್ದಾನೆ, ಮಗಳು ಅಳುತ್ತಾಳೆ. ಅಪ್ಪನ ಪಾತ್ರಕ್ಕೆ ಪಕ್ಕದ ಮನೆಯ ಒಂಟಿಜೀವ ಜಟ್ಟಿ ಹೊಟ್ಟೆ ತುಂಬ ಗಂಜಿ ಉಂಡು ಬಂದು ವಿನಾಯಕನ ಮನೆಯ ಜಗಲಿಯಲ್ಲಿ ಮಲಗಿದ. ಮಗಳು, ವಿನಾಯಕನ ತಂಗಿ ಕವಿತಾ. ಕ್ಯಾಮೆರಾಕ್ಕೆ ಮದುವೆ ವಿಡಿಯೊ ತೆಗೆಯುವ ನಾಗರಾಜ. ವಿನಾಯಕ ಹೆಡ್‌ಫೋನ್ ಏರಿಸಿ, ತಾನೇ ಮೈಕು ಹಿಡಿದು "ಆ್ಯಕ್ಷನ್!" ಎಂದ.

ಕವಿತಾ ಅತ್ತದ್ದು ಬಾಲ ತುಳಿಸಿಕೊಂಡ ಬೆಕ್ಕಿನ ಮರಿಯ ಹಾಗಿತ್ತು.

"ಎಂತದೇ ತಂಗಿ ಅದು?" ಬೇಲಿಯಾಚೆಯ ದುರ್ಗಿ ಬಂದೇಬಿಟ್ಟಳು. ಕೇರಿಯಲ್ಲಿ ಯಾರೇ ಸತ್ತರೂ ಮೊದಲು ಹಾಡಿಕೊಂಡು ಅಳುವವಳು ಅವಳೇ. "ಅಳು ಅಂದ್ರೆ ಗದ್ದೆ ದಾಟಿ ಹೋಗ್ಬೇಕು. ಹೀಂಗೆ ನೋಡು. ಅಯ್ಯೋ ಜಟ್ಟಣ್ಣಾ... ನಮ್ಮ ಬಿಟ್ಟು ಹೋದ್ಯಲ್ಲೋ!"

ಅಳು ಗದ್ದೆ ದಾಟಿತು. ಸಾವಿನ ಮನೆಯ ಹೆಣ ಏಳುವವರೆಗೆ ಕೇರಿಯಲ್ಲಿ ಒಲೆ ಉರಿಯಬಾರದು. ಒಂದೊಂದೇ ಮನೆಯ ಹೊಗೆ ನಿಂತಿತು. ಉಕ್ಕಿದ ಹಾಲಿನ ಹಾಗೆ ಜನ ಅಂಗಳಕ್ಕೆ ನುಗ್ಗಿದರು.

"ದುರ್ಗಕ್ಕಾ, ಇದು ಸಿನಿಮಾ ಅಂತ ಹೇಳು!" ವಿನಾಯಕ ಪಿಸುಗುಟ್ಟಿದ.

"ಸುಮ್ನಿರಾ! ಜನ ತಾವಾಗೇ ಬಂದವ್ರೆ. ಕರೆದ್ರೂ ಇಷ್ಟು ಜನ ಬತ್ರಾ?" ದುರ್ಗಿ ಸೆರಗು ಸಿಕ್ಕಿಸಿದಳು. "ಏ ಮಾಲಿನಿ, ನೀ ತಲೆ ಹತ್ರ ಕೂರು. ನಗಬೇಡ್ರೋ ಹುಡ್ಗ್ರೇ. ಶುಕ್ರಾ, ಕಟ್ಟಿಗೆ ಎಲ್ಲಿ?"

ಶುಕ್ರ ಕೊಡಲಿ ತಂದೇ ಇದ್ದ. ಹೆಣಕ್ಕೆ ಹತ್ತಿರದ ಮಾವಿನ ಮರವೇ ಆಗಬೇಕು. ಹತ್ತಿರದ್ದೆಂದರೆ ವಿನಾಯಕನ ಅಪ್ಪ ನೆಟ್ಟದ್ದು. ಕೂಗೋಣವೆಂದರೆ ದನಿ ರೆಕಾರ್ಡಿಗೆ ಬೀಳುತ್ತದೆ. ಇಂಥ ಅಳು ಮತ್ತೆ ಸಿಕ್ಕುವುದಿಲ್ಲ. ವಿನಾಯಕ ಹಲ್ಲು ಕಚ್ಚಿ, ಕಣ್ಣು ಮುಚ್ಚಿ, ಮೈಕನ್ನು ಮರದತ್ತ ತಿರುಗಿಸಿದ. ಮರ ಧೊಪ್ಪನೆ ಬಿತ್ತು. ಸದ್ದೇನೋ ಅದ್ಭುತವಾಗಿತ್ತು.

ಅಷ್ಟರಲ್ಲಿ ಕೃಷ್ಣಾನಂದರ ಕಾರು ಬಂತು.

"ಹೊನ್ನಾವರದ ನೆಂಟ್ರಾ?" ದುರ್ಗಿ ಎದುರು ಹೋದಳು. "ಬರೂದು ತಡ ಆತು. ಅಂಗಿ ತೆಗೀರಿ, ಚಟ್ಟಕ್ಕೆ ಹೆಗಲು ಕೊಡ್ರಿ."

"ನಾನು..."

"ಅಳ್ತಾ ಬನ್ನಿ!"

ಸಾಹುಕಾರರು ಅಂಗಿ ತೆಗೆದರು. ಸುತ್ತಲಿನ ಗೋಳಿಗೆ ಅವರ ಎದೆಯೂ ಕರಗಿ ನಿಜವಾಗಿಯೇ ಬಿಕ್ಕಿದರು. ಮಾಲಿನಿ ಜಟ್ಟಿಯ ಬಾಯಿಗೆ ತುಳಸಿ ನೀರು ಬಿಟ್ಟಳು. ಗಾಢ ನಿದ್ದೆಯಲ್ಲಿದ್ದ ಜಟ್ಟಿ ಕೆಮ್ಮಿ ಎದ್ದು ಕೂತ.

"ಎಂತಾ, ಮನೆ ಸೋರ್ತದ್ಯಾ?"

ಅರ್ಧ ಜನ ಓಡಿದರು. ಉಳಿದರ್ಧ ವಿನಾಯಕನನ್ನು ಹಿಡಿದುಕೊಂಡರು.

"ಸತ್ತಿಲ್ಲ ಅಂದ್ರೆ ಹೇಳೂಕೆ ಎಂತ ಆಗಿತ್ತಾ?" ಶುಕ್ರ ಕೊಡಲಿ ಎಸೆದ.

"ನಮ್ಮ ಒಲೆ ಆರಿಸಿದ್ಯಲ್ಲ, ಊಟ ಯಾರು ಹಾಕ್ತ್ರು?" ಮಾಲಿನಿ ಕೇಳಿದಳು.

ವಿನಾಯಕನ ತಾಯಿ ಒಳಗೆ ಹೋಗಿ ದೊಡ್ಡ ಪಾತ್ರೆ ಒಲೆಗೇರಿಸಿದಳು.

ಕೃಷ್ಣಾನಂದರು ಮಾತ್ರ ಕಣ್ಣೊರೆಸಿಕೊಳ್ಳುತ್ತಲೇ ಇದ್ದರು. "ಅತ್ತುಬಿಟ್ಟೆ ಮಾರಾಯ! ಸಿನಿಮಾ ಆತು ಅಂತ ತಿಳ್ಕೋ. ಡೈರೆಕ್ಟರನ್ನ ಕರಿ."

ವಿನಾಯಕನ ಎದೆ ಉಬ್ಬಿತು. "ನಾನೇ..."

"ನೀನು ಎಲ್ಲಿ ನಿರ್ದೇಶನ ಮಾಡ್ದಿ? ಕಂಬದ ಹಾಗೆ ನಿಂತಿದ್ದಿ. ನನ್ನ ಅಂಗಿ ತೆಗೆಸಿದ್ರಲ್ಲ, ಅವ್ರು!"

ದುರ್ಗಿ ಸೆರಗಿಗೆ ಕೈ ಒರೆಸಿ, ನಿರ್ದೇಶಕನ ಕುರ್ಚಿಯಲ್ಲಿ ಕೂತು ಒಮ್ಮೆ ಅಲುಗಾಡಿಸಿ ನೋಡಿದಳು. "ಆತು. ಆದ್ರೆ ಕತೆ ಬದ್ಲಿ ಮಾಡ್ಬೇಕು. ಜಟ್ಟಿಗೆ ಸಾಯೂಕೆ ಬರೂದಿಲ್ಲ."

"ದುರ್ಗಕ್ಕಾ, ಆ ಕತೆ ನಾನು..." ವಿನಾಯಕ ಬಾಯಿ ತೆರೆದ.

"ಶ್! ಶೂಟಿಂಗಿನಲ್ಲಿ ಮಾತಾಡ್ವವ್ರು ನನಗೆ ಬೇಡ," ಎಂದಳು ದುರ್ಗಿ. "ಮೈಕು ಎತ್ತಿ ಹಿಡಿ ಮಗಾ."