ಮಂಗ, ಏಡಿ ಮತ್ತು ಅಡಿವೆಪ್ಪ

ಅಡಿವೆಪ್ಪ ಸಿಕ್ಕಿಬಿದ್ದದ್ದು "ಆತವಾ" ಎಂದು ಒಪ್ಪಿಕೊಂಡ ಒಂದೇ ಮಾತಿನಿಂದ. ಓಲ್ಡ್ ಬ್ರಿಡ್ಜ್ ಊರಿನ ಕನ್ನಡದ ಮಕ್ಕಳಿಗೆ ಅಂದು ಸಂಜೆ ಲೈಬ್ರರಿಯಲ್ಲಿ ಹಳೆಯ ಜಪಾನಿ ಕಾರ್ಟೂನ್ ಒಂದನ್ನು ತೋರಿಸುವುದಿತ್ತು. ಮಾತಿಲ್ಲದ ಕಾಲದ ಚಿತ್ರ. ಹಣ್ಣಿನ ಆಸೆಗೆ ದುಷ್ಟ ಮಂಗ ಏಡಿಯನ್ನು ಕೊಲ್ಲುವ ನೀತಿಕತೆ. ಅದರ ಉಸ್ತುವಾರಿ ಹೊತ್ತಿದ್ದ ಹಂಸಿನಿ ಬೆಳಿಗ್ಗೆ ಫೋನ್ ಮಾಡಿದಳು.

"ಅಂಕಲ್, ಆಗೆಲ್ಲ ಪರದೆ ಪಕ್ಕ ಒಬ್ಬರು ನಿಂತು ಕತೆ ಹೇಳ್ತಿದ್ರಂತೆ. ನೀವು ಕನ್ನಡದಲ್ಲಿ ಹೇಳ್ತೀರಾ?"

"ಆತವಾ."

ಹೆಂಡತಿ ಶೈಲಮ್ಮ ಮಗಳ ಬಾಣಂತನಕ್ಕೆಂದು ಟೆಕ್ಸಾಸ್‌ಗೆ ಹೋದ ಮೇಲೆ ಅವನ ಧಾರವಾಡ ಕನ್ನಡಕ್ಕೆ ಕೇಳುವವರಿರಲಿಲ್ಲ. ಆಫೀಸಿನಲ್ಲಿ ಇಂಗ್ಲಿಷ್, ಮನೆಯಲ್ಲಿ ಫ್ರಿಜ್ಜಿನ ಗುರ್‌ಗುರ್. ಮೊನ್ನೆ ಕಾರಿನ ಜಿಪಿಎಸ್ ಬಲಕ್ಕೆ ತಿರುಗು ಎಂದಾಗ, "ತಿರುಗ್ತೇನಿ, ನಿಂದು ಊಟ ಆತೇನು?" ಎಂದು ಕೇಳಿಬಿಟ್ಟಿದ್ದ.

ಸುದ್ದಿ ಹಬ್ಬಿತು. ಪಕ್ಕದ ಮನೆಯ ರಮಾಮಣಿ ಬಾಗಿಲಿಗೇ ಬಂದರು. "ಮಂಗನ್ನ ಕೆಟ್ಟೋನು ಅನ್ಬೇಡಿ. ನಾವು ಹನುಮ ಜಯಂತಿ ಮಾಡೋರು."

ಅವರು ಹೋದ ಬೆನ್ನಿಗೆ ಎದುರುಮನೆಯ ಗೌಸ್ ಬಂದ. "ಏಡಿ ಸಾಯೋದು ಬೇಡ ಸಾರ್. ನನ್ನ ಮಗಳು ಅಳ್ತಾಳೆ."

ಇಬ್ಬರಿಗೂ ಅಡಿವೆಪ್ಪ ತಲೆಯಾಡಿಸಿದ. ಮಂಗ ಕೆಟ್ಟವನಾಗುವಂತಿಲ್ಲ, ಏಡಿ ಸಾಯುವಂತಿಲ್ಲ. ಕತೆಯಲ್ಲಿ ಉಳಿದದ್ದು ಒಂದು ಹಣ್ಣಿನ ಮರ.

ಸಂಜೆ ದೀಪ ಆರಿದ ಮೇಲೆ ಅವನನ್ನು ಪರದೆಯ ಪಕ್ಕ ನಿಲ್ಲಿಸಿ ಕೈಗೆ ಮೈಕ್ ಕೊಟ್ಟರು. ಎದುರಿಗೆ ಬರೀ ಕತ್ತಲೆ. ಪರದೆಯ ಮೇಲೆ ಮಂಗ ಏಡಿಗೊಂದು ಬೀಜ ಕೊಟ್ಟು ಅದರ ಅನ್ನದುಂಡೆ ಕಸಿಯಿತು.

"ಮಂಗಪ್ಪಗ ಪಾಪ, ಮುಂಜಾನಿಂದ ನಾಷ್ಟಾ ಆಗಿದ್ದಿಲ್ಲ."

ಮಕ್ಕಳು ಘೊಳ್ಳೆಂದು ನಕ್ಕರು. ಅಡಿವೆಪ್ಪ ಪೂರಿಯಂತೆ ಉಬ್ಬಿದ.

ಬೀಜ ಮರವಾಯಿತು. ಮಂಗ ಮೇಲೇರಿ ಹಣ್ಣೆಲ್ಲ ತಿಂದು, ಗಟ್ಟಿ ಕಾಯಿ ಎಸೆದು ಏಡಿಯನ್ನು ಅಪ್ಪಚ್ಚಿ ಮಾಡಿತು. ಗೌಸ್ ನೆನಪಾದ.

"ಏಡಿಗೆ ದಣಿವಾಗೇದ. ಮಲಗೇದ." ಆದರೆ ಏಡಿ ಏಳುತ್ತಲೇ ಇಲ್ಲ. ಏನಾದರೂ ಹೇಳಲೇಬೇಕು. "ಎದ್ದರ ಮಾಡೂದೇನು? ಮನ್ಯಾಗ ಯಾರೂ ಇಲ್ಲ. ಒಬ್ಬರಿಗೇ ಅಂತ ಕುಕ್ಕರ್ ಇಡಾಕ ಬ್ಯಾಸರ. ರೊಟ್ಟಿ ಬಡಿಯೋ ಸಪ್ಪಳ ಕೇಳಿ ಭಾಳ ದಿನ ಆತು. ಯಾರರೆ ಬಂದು ಹೆಸರು ಹಿಡಿದು ಕರದ್ರ ಏಳ್ತದ."

ಹಾಲ್ ಸ್ತಬ್ಧವಾಯಿತು. ಕತ್ತಲಲ್ಲಿ ಯಾರೋ ಬಿಕ್ಕಿದರು. ಅಡಿವೆಪ್ಪ ಮೈಕನ್ನು ಬಾಯಿಗೆ ಇನ್ನಷ್ಟು ಹತ್ತಿರ ಹಿಡಿದ. ಇಷ್ಟು ಜನ ತನ್ನ ಮಾತನ್ನು ಇಷ್ಟು ಮನಸ್ಸಿಟ್ಟು ಕೇಳಿ ಎಷ್ಟು ಕಾಲವಾಗಿತ್ತೋ. ಚಿತ್ರ ಮುಗಿದಾಗ ಚಪ್ಪಾಳೆ ನಿಲ್ಲಲೇ ಇಲ್ಲ.

ದೀಪ ಹತ್ತಿತು. ಎಲ್ಲರೂ ಕಿವಿಯಿಂದ ಹೆಡ್‌ಫೋನ್ ತೆಗೆಯುತ್ತಿದ್ದರು.

ಹಂಸಿನಿ ಓಡಿ ಬಂದಳು. "ಸಾರಿ ಅಂಕಲ್. ಮಕ್ಕಳಿಗೆ ಕನ್ನಡ ಫಾಲೋ ಆಗಲ್ಲ ಅಂದ್ರು ಪೇರೆಂಟ್ಸ್. ಲಾಸ್ಟ್ ಮಿನಿಟಲ್ಲಿ ಎಲ್ಲರ ಹೆಡ್‌ಫೋನಿಗೆ ಇಂಗ್ಲಿಷ್ ರೆಕಾರ್ಡಿಂಗ್ ಹಾಕಿ, ನಿಮ್ಮ ಮೈಕ್ ಆಫ್ ಮಾಡಿಬಿಟ್ಟೆ. ನೀವು ಆಗ್ಲೇ ಶುರು ಮಾಡಿದ್ರಿ, ಹೇಳಕ್ಕಾಗ್ಲಿಲ್ಲ."

ಅಡಿವೆಪ್ಪ ಕೈಯಲ್ಲಿದ್ದ ಮೈಕನ್ನು ನೋಡುತ್ತ ನಿಂತ. ಅಷ್ಟರಲ್ಲಿ ರಮಾಮಣಿ ಕಣ್ಣೊರೆಸಿಕೊಳ್ಳುತ್ತ ಬಂದರು. ಹೆಡ್‌ಫೋನ್ ಇನ್ನೂ ಕೊರಳಲ್ಲಿತ್ತು.

"ಎಷ್ಟು ಚೆನ್ನಾಗಿ ಹೇಳಿದ್ರಿ. ನಿಮಗೆ ಇಂಥ ಇಂಗ್ಲಿಷ್ ಬರುತ್ತೆ ಅಂತ ಗೊತ್ತೇ ಇರ್ಲಿಲ್ಲ. ಇನ್ಮೇಲೆ ನಾನು ನಿಮ್ಮ ಹತ್ರ ಇಂಗ್ಲಿಷಲ್ಲೇ ಮಾತಾಡ್ತೀನಿ, ನನಗೂ ಪ್ರಾಕ್ಟೀಸ್ ಆಗುತ್ತೆ."

"ಥ್ಯಾಂಕ್ ಯೂ," ಎಂದ ಅಡಿವೆಪ್ಪ.