ಭೀಮನಿಗೆ ಉಣ್ಣಲು ಕಲಿಸಹೋದೆ

ಇಡೀ ಹೈಸ್ಕೂಲಿಗೆ ಶಿಸ್ತು ಕಲಿಸಿದ ಮಾಸ್ತರ ನಾನು. ಒಂದು ನಾಯಿಗೆ ನಿಧಾನವಾಗಿ ಉಣ್ಣಲು ಕಲಿಸುವುದು ಯಾವ ಮಹಾ ಕೆಲಸ?

ನಮ್ಮ ಭೀಮ ಉಣ್ಣುತ್ತಿರಲಿಲ್ಲ, ನುಂಗುತ್ತಿದ್ದ. ತಾಟು ಇಡುವುದರೊಳಗೆ ಅನ್ನ ಮಾಯ! ಮರುಗಳಿಗೆ ಅದಷ್ಟೂ ನನ್ನ ಚಪ್ಪಲಿಯ ಮೇಲೆ ವಾಪಸ್. ನನ್ನ ಸಿಟ್ಟು ನೆತ್ತಿಗೇರುತ್ತಿತ್ತು. ಹೊಟ್ಟೆ ಉಬ್ಬಿದರೆ ಜೀವಕ್ಕೇ ಅಪಾಯ ಎಂದು ರಾಣೆಬೆನ್ನೂರಿನ ದನದ ಡಾಕ್ಟರು ಬೇರೆ ಹೆದರಿಸಿದರು.

"ತಾಟಿನ ನಡುವ ಒಂದು ದೊಡ್ಡ ಕಲ್ಲು ಇಡ್ರಿ. ಸುತ್ತ ನೆಕ್ಕೋತ ನಿಧಾನ ತಿಂತೈತಿ" ಎಂದರು.

ಕಲ್ಲು ತಾನೇ? ಅಡಿಗೆಮನೆಗೆ ನುಗ್ಗಿ ಒರಳಿನ ಗುಂಡುಕಲ್ಲು ಎತ್ತಿ ತಂದೆ. ಹೆಂಡತಿ ಶೈಲಾ ಆಗಷ್ಟೇ ಅದರಲ್ಲಿ ಬ್ಯಾಡಗಿ ಮೆಣಸಿನಕಾಯಿ ಚಟ್ನಿ ಅರೆದಿದ್ದಳು. ಕಲ್ಲು ಕೆಂಪಗಿತ್ತು. ಸಿಟ್ಟಿನಲ್ಲಿ ಬಣ್ಣ ಯಾರು ನೋಡುತ್ತಾರೆ?

"ನಿಧಾನ! ನಿಧಾನ ಅಂದ್ರ ತಿಳಿಯೂದಿಲ್ಲೇನಲೇ!" ಎಂದು ನಾನು ಒದರುತ್ತಿದ್ದಂತೆ ಭೀಮ ಕಲ್ಲಿನ ಸುತ್ತ ಮೂತಿ ತಿಕ್ಕಿ ತಿಕ್ಕಿ ತಾಟು ಖಾಲಿ ಮಾಡಿದ. ಬ್ಯಾಡಗಿ ಕಾಯಿಗೆ ಖಾರ ಕಡಿಮೆ, ಬಣ್ಣ ಭಯಂಕರ. ಕಿವಿಯವರೆಗೂ ಕೆಂಪಾದ ಭೀಮ ಗೇಟು ಹಾರಿ ಓಣಿಗೆ ಓಡಿದ!

ಪಕ್ಕದ ಮನೆಯ ರಜಾಕ ಸಾಹೇಬರು ಚೀರಿದರು: "ಮಾಸ್ತರ್ರ! ನಿಮ್ಮ ನಾಯಿ ಯಾರನ್ನೋ ಕಚ್ಚೇತ್ರಿ! ಬಾಯಿ ತುಂಬ ರಕ್ತ!"

ಓಣಿಯ ಬಾಗಿಲುಗಳೆಲ್ಲ ದಢದಢ ಮುಚ್ಚಿಕೊಂಡವು. ನಾನು ಓಡಿಹೋಗಿ ಭೀಮನನ್ನು ತಬ್ಬಿ ಹಿಡಿದೆ, ಮುಗ್ಗರಿಸಿ ಬಿದ್ದೆ. ಅವನು ಪ್ರೀತಿಯಿಂದ ನನ್ನ ಮುಖ, ಕುತ್ತಿಗೆ, ಬನಿಯನ್ ಎಲ್ಲ ನೆಕ್ಕಿದ. ಈಗ ನಾನೂ ಕೆಂಪು!

"ಅಯ್ಯೋ, ಮಾಸ್ತರ್ನೂ ಕಚ್ಚಿಬಿಡ್ತು!" ಎಂದು ಕಿಟಕಿಯೊಂದರಿಂದ ಕೂಗು ಬಂತು.

"ಚಟ್ನಿ ಐತ್ರೀ ಇದು! ಚಟ್ನೀ!" ಕಣ್ಣಿಗೆ ಖಾರ ಹೋಗಿ, ನೆಲಕ್ಕೆ ಕಾಲು ಬಡಿಯುತ್ತ ಅರಚಿದೆ.

"ಪಾಪ, ಆಗಲೇ ಹುಚ್ಚು ಏರೇತಿ ನೋಡ್ರಿ" ಎಂದ ಯಾರೋ ಒಬ್ಬ.

ಓಣಿಯವರು ಹೊರಬಂದು ನನ್ನನ್ನು ಆಟೋದಲ್ಲಿ ತುರುಕಿದರು. ನಾನು ಬೈದಷ್ಟೂ ಅವರು ಗಟ್ಟಿಯಾಗಿ ಹಿಡಿದುಕೊಂಡರು. ದವಾಖಾನೆಯಲ್ಲಿ ನರ್ಸಮ್ಮ ಹತ್ತಿಯಿಂದ ನನ್ನ ಕುತ್ತಿಗೆ ಒರೆಸಿ, ಮೂಸಿ ನೋಡಿದಳು.

"ಬ್ಯಾಡಗಿ ಕಾಯಿ ಏನ್ರಿ? ಬಣ್ಣ ಚಲೋ ಬಂದೈತಿ. ಬಳ್ಳೊಳ್ಳಿ ಒಂದೀಟು ಜಾಸ್ತಿ ಆಗೇತಿ."

ಕರೆತಂದವರೆಲ್ಲ ಬಿದ್ದು ಬಿದ್ದು ನಕ್ಕರು. ಹಲ್ಲು ಕಡಿಯುತ್ತ ನಡೆದೇ ಮನೆಗೆ ಬಂದೆ. ಒಳಗೆ ಭೀಮ ಬೀಗರ ಮನೆಗೆ ಬಂದವನಂತೆ ಒಂದೊಂದೇ ತುತ್ತು ರೊಟ್ಟಿ ಅಗಿದು ತಿನ್ನುತ್ತಿದ್ದ. ತಾಟಿನಲ್ಲಿ ಕಲ್ಲೂ ಇರಲಿಲ್ಲ!

"ಶ್! ಅಲ್ಲೇ ನಿಂದರ್ರಿ" ಎಂದಳು ಶೈಲಾ. "ನೀವು ತಲಿಮ್ಯಾಲ ನಿಂತು ಒದರೂದಕ್ಕ ಅಂವ ಹೆದರಿ ನುಂಗ್ತಾನ. ನೀವಿಲ್ಲಂದ್ರ ಎಷ್ಟು ಚೆಂದ ಉಣ್ತಾನ ನೋಡ್ರಿ."

ಏನೋ ಹೇಳಲು ಬಾಯಿ ತೆರೆದೆ. ಭೀಮ ನನ್ನತ್ತ ಒಮ್ಮೆ ನೋಡಿದವನೇ ಉಳಿದ ರೊಟ್ಟಿಯನ್ನು ಗಬಕ್ಕನೆ ನುಂಗಿಬಿಟ್ಟ!

ಈಗ ಅವನು ಉಣ್ಣುವಾಗ ನಾನು ಗೇಟಿನಾಚೆ ನಿಲ್ಲಬೇಕೆಂಬುದು ಮನೆಯ ಕಾನೂನು. ಅವನದು ಮುಗಿದ ಮೇಲೆ ನನಗೆ ಊಟದ ಕರೆ. ಭೀಮ ಚೆನ್ನಾಗಿಯೇ ನಿಧಾನ ಕಲಿತಿದ್ದಾನೆ. ದಿನಾ ನಾನು ತಣ್ಣನೆಯ ಸಾರು ಉಣ್ಣುತ್ತೇನೆ!